ಸಹಿ ಒಬ್ಬನದು, ಸಮಯ ಮನೆಮಂದಿಯದ್ದು

(ದುಬೈಯಲ್ಲಿ ನಡೆದ ನಮ್ಮ ವೇದಿಕೆಯ ವಾರ್ಷಿಕ ಸಭೆಯಲ್ಲಿ ಮಾಡಿದ ಭಾಷಣದ ಬರಹ ರೂಪ)



ನನಗೆ ಕೊಟ್ಟಿರುವ ವಿಷಯ "ಕಥೆಗಳಲ್ಲಿ ಸಮಯದ ವ್ಯಾಪಾರ". ಮಂತ್ರದಿಂದಲೋ ಶಾಪದಿಂದಲೋ ಮಾಯದ ಗಡಿಯಾರದಿಂದಲೋ ಒಬ್ಬರ ಆಯಸ್ಸು ಇನ್ನೊಬ್ಬರಿಗೆ ಹೋಗುವ ಕರಾರುಗಳ ಕಥೆ. ನಾನು ಸರ್ಕಾರಿ ಐಟಿಐಯಲ್ಲಿ ಎಲೆಕ್ಟ್ರಿಷಿಯನ್ ಟ್ರೇಡ್ ಮಾಡಿದವನು, ಸಾಹಿತ್ಯ ಓದಿದವನಲ್ಲ. ಆದರೂ ಈ ವಿಷಯ ನನ್ನಂಥವನಿಗೆ ಯಾಕೆ ಕೊಟ್ಟರು ಅಂತ ಯೋಚನೆ ಮಾಡಿದೆ. ಇಲ್ಲಿ ಕೂತಿರೋ ನಾವೆಲ್ಲರೂ ಸಮಯ ಮಾರಿಯೇ ಅನ್ನ ತಿನ್ನೋರು. ಎರಡು ವರ್ಷದ ಕಾಂಟ್ರಾಕ್ಟ್, ಎಂಟು ಗಂಟೆ ಡ್ಯೂಟಿ, ಎರಡು ಗಂಟೆ ಓಟಿ. ನಮ್ಮ ಕೈಯಲ್ಲಿರೋ ಸರಕು ಅದೊಂದೇ. ಹಾಗಾಗಿ ಕಥೆಯೊಳಗಿನ ಕರಾರು ನೋಡಿದರೆ ಅದು ಸರಿಯಿದೆಯೋ ಇಲ್ಲವೋ ಅಂತ ಪಂಡಿತರಿಗಿಂತ ನಮಗೇ ಬೇಗ ಗೊತ್ತಾಗುತ್ತೆ.

ನಾಲ್ಕೈದು ಕಥೆ ಹೇಳ್ತೀನಿ. ಕೆಲವು ಪರದೇಶದವು, ಕೆಲವು ನಮ್ಮವು. ಪ್ರತಿ ಕಥೆಯಲ್ಲೂ ಕರಾರಿನ ಕಾಗದವನ್ನು ಮಾತ್ರ ನೋಡೋಣ. ಯಾರು ಕೊಟ್ಟರು, ಯಾರು ತಗೊಂಡರು, ರೇಟು ಯಾರು ಕಟ್ಟಿದರು, ವಾಪಸ್ ಕೊಡೋ ಮಾತು ಇತ್ತೋ ಇಲ್ಲವೋ.

ಮೊದಲನೆಯದು ಒಂದು ಸಿನಿಮಾ. ಹೆಸರು "ಇನ್ ಟೈಮ್", 2011ರಲ್ಲಿ ಬಂದದ್ದು, ನಿರ್ದೇಶಕ ಆಂಡ್ರ್ಯೂ ನಿಕೋಲ್. ಆ ಲೋಕದಲ್ಲಿ ದುಡ್ಡೇ ಇಲ್ಲ. ಇಪ್ಪತ್ತೈದು ವರ್ಷ ಆದ ಮೇಲೆ ಯಾರಿಗೂ ವಯಸ್ಸಾಗಲ್ಲ. ಆದರೆ ಅದೇ ದಿನ ಮುಂಗೈ ಮೇಲೆ ಒಂದು ಹಸಿರು ಗಡಿಯಾರ ಓಡೋಕೆ ಶುರುವಾಗುತ್ತೆ, ಅದರಲ್ಲಿ ಇರೋದು ಒಂದೇ ಒಂದು ವರ್ಷ. ಆಮೇಲೆ ಬದುಕಬೇಕು ಅಂದರೆ ದುಡಿದು ಸಮಯ ಗಳಿಸಬೇಕು. ಸಂಬಳ ಸಮಯದಲ್ಲಿ, ಬಾಡಿಗೆ ಸಮಯದಲ್ಲಿ, ಒಂದು ಕಾಫಿಗೆ ನಾಲ್ಕು ನಿಮಿಷ. ಗಡಿಯಾರ ಸೊನ್ನೆಗೆ ಬಂತೋ, ನಿಂತಲ್ಲೇ ಪ್ರಾಣ ಹೋಗುತ್ತೆ. ಬಡವರ ಊರಿನಲ್ಲಿ ಬೆಳಿಗ್ಗೆ ಎದ್ದಾಗ ಕೈಮೇಲೆ ಒಂದು ದಿನಕ್ಕಿಂತ ಕಮ್ಮಿ ಇರುತ್ತೆ. ಶ್ರೀಮಂತರ ಊರಿನಲ್ಲಿ ನೂರಾರು ವರ್ಷ ಇಟ್ಟುಕೊಂಡವರಿದ್ದಾರೆ.

ನಾಯಕ ವಿಲ್ ಸಾಲಸ್ ಒಬ್ಬ ಫ್ಯಾಕ್ಟರಿ ಕಾರ್ಮಿಕ. ಒಂದು ದಿನ ಸಂಬಳದ ಕಿಟಕಿಯಲ್ಲಿ ಅವನಿಗೆ ಕಮ್ಮಿ ಕೊಡ್ತಾರೆ. ಹೋದ ವಾರಕ್ಕಿಂತ ಜಾಸ್ತಿ ಮಾಡಿದ್ದೀನಲ್ಲ ಅಂದರೆ, ಕೋಟಾ ಜಾಸ್ತಿ ಆಗಿದೆ ಅಂತ ಉತ್ತರ. ಈ ಉತ್ತರ ಇಲ್ಲಿ ಎಷ್ಟು ಜನಕ್ಕೆ ಪರಿಚಯ ಅಂತ ಕೈ ಎತ್ತೋಕೆ ಹೇಳಲ್ಲ, ಬಿಡಿ.

ಅವನ ತಾಯಿ ರೇಚಲ್. ಕೆಲಸಕ್ಕೆ ಬೇರೆ ಊರಿಗೆ ಹೋಗಿ, ಸಾಲದ ಕಂತು ಕಟ್ಟಿ, ಮನೆಗೆ ಬರೋಕೆ ಬಸ್ಸು ಹತ್ತುತ್ತಾಳೆ. ಕೈಮೇಲೆ ಉಳಿದಿರೋದು ಒಂದೂವರೆ ಗಂಟೆ. ಬಸ್ ಚಾರ್ಜು ಒಂದು ಗಂಟೆ ಇದ್ದದ್ದು ಅವತ್ತು ಎರಡು ಗಂಟೆ ಆಗಿದೆ. ಡ್ರೈವರ್ ಹತ್ತಿಸಿಕೊಳ್ಳಲ್ಲ. ಮನೆ ನಡೆದುಹೋದರೆ ಎರಡು ಗಂಟೆಯ ದಾರಿ. ಆಕೆ ಓಡ್ತಾಳೆ. ಆ ಕಡೆಯಿಂದ ಬಸ್‌ಸ್ಟಾಪಿನಲ್ಲಿ ಕಾಯ್ತಿದ್ದ ಮಗನೂ ಅನುಮಾನ ಬಂದು ಓಡಿ ಬರ್ತಾನೆ. ಇಬ್ಬರೂ ಕೈಗೆ ಕೈ ಸಿಗುವಷ್ಟು ಹತ್ತಿರ ಬರುವಾಗ ಗಡಿಯಾರ ಸೊನ್ನೆಯಾಗುತ್ತೆ.

ಈ ಕರಾರಿನಲ್ಲಿ ಒಂದು ಒಳ್ಳೇದಿದೆ, ಒಪ್ಪಿಕೊಳ್ಳಬೇಕು. ಮೀಟರ್ ನಮ್ಮ ಕಣ್ಣೆದುರಿಗೇ ಇದೆ, ಕೈಮೇಲೇ ಇದೆ. ನಮ್ಮೂರ ಮನೆಗಳಲ್ಲಿ ವಿದ್ಯುತ್ ಮೀಟರಿಗೆ ಸೀಲು ಹಾಕೋದು ಕಂಪನಿಯವರು, ಆದರೆ ಓದೋ ಗಾಜು ನಮ್ಮ ಕಡೆಗಿರುತ್ತೆ. ಎಷ್ಟು ಉರಿಸಿದ್ದೀವಿ ಅಂತ ಯಾರು ಬೇಕಾದರೂ ನೋಡಬಹುದು. ಆ ಸಿನಿಮಾದ ತಾಯಿಗೂ ತನ್ನ ಹತ್ತಿರ ಎಷ್ಟಿದೆ ಅಂತ ಸೆಕೆಂಡಿನ ಲೆಕ್ಕದಲ್ಲಿ ಗೊತ್ತಿತ್ತು. ಗೊತ್ತಿಲ್ಲದೇ ಇದ್ದದ್ದು ರೇಟು. ಅದನ್ನ ಯಾರೋ ಎಲ್ಲೋ ಕೂತು ರಾತ್ರೋರಾತ್ರಿ ಬದಲಾಯಿಸಿದ್ದರು. ಯೂನಿಟ್ ನಮಗೆ ಕಾಣ್ತದೆ, ಯೂನಿಟ್ಟಿನ ಬೆಲೆ ಅವರ ಕೈಲಿದೆ ಅಂದರೆ, ಕಾಣುವ ಮೀಟರು ಅರ್ಧ ರಕ್ಷಣೆ ಮಾತ್ರ.

ಇನ್ನೊಂದು ಸಣ್ಣ ವಿಷಯ ನನಗೆ ಬಹಳ ಹಿಡಿಸಿತು. ವಿಲ್ ಶ್ರೀಮಂತರ ಊರಿಗೆ ಹೋದಾಗ ಒಳ್ಳೆ ಬಟ್ಟೆ ಹಾಕಿರ್ತಾನೆ, ಕೈಮೇಲೆ ನೂರಕ್ಕೂ ಹೆಚ್ಚು ವರ್ಷ ಇರುತ್ತೆ. ಆದರೂ ಅವನು ಈ ಊರಿನವನಲ್ಲ ಅಂತ ಜನ ಕಂಡುಹಿಡೀತಾರೆ. ಹೇಗೆ? ಅವನು ಬೇಗ ಬೇಗ ತಿಂತಾನೆ, ಬೇಗ ಬೇಗ ನಡೀತಾನೆ. ರಜೆಗೆ ಊರಿಗೆ ಹೋದಾಗ ನಮ್ಮ ತಾಯಂದಿರು "ಯಾಕಪ್ಪ ಹಿಂಗೆ ಗಬಗಬ ತಿಂತೀಯ, ಯಾರಾದ್ರೂ ಕಿತ್ಕೋತಾರಾ?" ಅಂತಾರಲ್ಲ, ಅದೇ ಇದು.

ಎರಡನೆಯದು ಒಂದು ಪುಸ್ತಕ. ಜರ್ಮನಿಯ ಲೇಖಕ ಮಿಖಾಯೆಲ್ ಎಂಡೆ 1973ರಲ್ಲಿ ಬರೆದ "ಮೋಮೋ". ಮಕ್ಕಳ ಕಾದಂಬರಿ ಅಂತಾರೆ, ಆದರೆ ದೊಡ್ಡವರೇ ಓದಬೇಕಾದ್ದು. ಒಂದು ಊರಿಗೆ ಬೂದು ಬಣ್ಣದ ಮನುಷ್ಯರು ಬರ್ತಾರೆ. ಬೂದು ಸೂಟು, ಬೂದು ಟೋಪಿ, ಬೂದು ಮುಖ, ಬಾಯಲ್ಲಿ ಯಾವಾಗಲೂ ಒಂದು ಚುಟ್ಟಾ. ತಾವು ಸಮಯ ಉಳಿತಾಯ ಬ್ಯಾಂಕಿನ ಏಜೆಂಟರು ಅಂತ ಹೇಳ್ಕೋತಾರೆ.

ಅವರಲ್ಲೊಬ್ಬ ಫೂಸಿ ಅನ್ನೋ ಕ್ಷೌರಿಕನ ಅಂಗಡಿಗೆ ಬಂದು ಕನ್ನಡಿಯ ಮೇಲೇ ಲೆಕ್ಕ ಬರೀತಾನೆ. ಎಪ್ಪತ್ತು ವರ್ಷ ಬದುಕಿದರೆ ನಿನಗಿರೋದು 220 ಕೋಟಿ 75 ಲಕ್ಷದ 20 ಸಾವಿರ ಸೆಕೆಂಡು. ನಿನಗೀಗ ನಲವತ್ತೆರಡು. ಬಾ, ಇಲ್ಲಿವರೆಗೆ ಎಷ್ಟು ಉಳಿಸಿದ್ದೀಯ ನೋಡೋಣ. ನಿದ್ದೆ ದಿನಕ್ಕೆ ಎಂಟು ಗಂಟೆ, ಕಳೆ. ಕೆಲಸ ಎಂಟು ಗಂಟೆ, ಕಳೆ. ಊಟ ಎರಡು ಗಂಟೆ. ಕಿವಿ ಕೇಳದ ಮುದಿ ತಾಯಿಯ ಜೊತೆ ಕೂತು ಮಾತಾಡೋದು ಒಂದು ಗಂಟೆ. ಸಾಕಿದ ಗಿಣಿಗೆ ಕಾಲು ಗಂಟೆ. ಮನೆಗೆಲಸ ಒಂದು ಗಂಟೆ. ಗೆಳೆಯರು, ಹಾಡು, ಸಿನಿಮಾ ಮೂರು ಗಂಟೆ. ಗಾಲಿಕುರ್ಚಿಯಲ್ಲಿರೋ ದಾರಿಯಾ ಅನ್ನೋ ಹೆಣ್ಣುಮಗಳಿಗೆ ದಿನಾ ಒಂದು ಹೂವು ತಗೊಂಡು ಹೋಗೋದು ಅರ್ಧ ಗಂಟೆ. ಕಿಟಕಿ ಹತ್ತಿರ ಸುಮ್ಮನೆ ಕೂತು ದಿನ ಹೇಗೆ ಹೋಯ್ತು ಅಂತ ಯೋಚಿಸೋದು ಕಾಲು ಗಂಟೆ. ಕೂಡಿದರೆ ಸರಿಯಾಗಿ ಇಪ್ಪತ್ತನಾಲ್ಕು. ಉಳಿತಾಯ ಸೊನ್ನೆ.

ಫೂಸಿ ಗಾಬರಿಯಾಗ್ತಾನೆ. ಏಜೆಂಟ್ ದಾರಿ ತೋರಿಸ್ತಾನೆ: ಅರ್ಧ ಗಂಟೆಯ ಕ್ಷೌರ ಕಾಲು ಗಂಟೆಯಲ್ಲಿ ಮುಗಿಸು, ಗಿರಾಕಿ ಜೊತೆ ಮಾತು ನಿಲ್ಲಿಸು, ತಾಯಿಯನ್ನ ಒಂದು ಅಗ್ಗದ ವೃದ್ಧಾಶ್ರಮಕ್ಕೆ ಸೇರಿಸು, ಗಿಣಿ ಮಾರಿಬಿಡು, ದಾರಿಯಾಳನ್ನ ನೋಡೋದು ಕಮ್ಮಿ ಮಾಡು. ಉಳಿದ ಸಮಯಕ್ಕೆ ನಾವು ಬಡ್ಡಿ ಕೊಡ್ತೀವಿ, ಐದು ವರ್ಷ ಇಟ್ಟರೆ ಡಬಲ್. ಸಹಿ ಬೇಡ, ರಸೀದಿ ಬೇಡ, ನಂಬಿಕೆ ಸಾಕು. ಏಜೆಂಟ್ ಹೋದ ಮೇಲೆ ಅವನು ಬಂದಿದ್ದೇ ಫೂಸಿಗೆ ಮರೆತುಹೋಗುತ್ತೆ. ಸಮಯ ಉಳಿಸಬೇಕು ಅನ್ನೋ ನಿರ್ಧಾರ ತನ್ನದೇ ಅಂತ ಅಂದ್ಕೋತಾನೆ.

ಉಳಿಸಿದ ಸಮಯ ಎಲ್ಲಿ ಹೋಯ್ತು? ಆ ಬೂದು ಮನುಷ್ಯರಿಗೆ ಸ್ವಂತ ಸಮಯ ಇಲ್ಲ. ಜನರ ಹೃದಯದಲ್ಲಿ ಅರಳೋ ಗಂಟೆ-ಹೂವುಗಳ ಎಸಳನ್ನ ಒಣಗಿಸಿ ಚುಟ್ಟಾ ಸುತ್ತಿ ಸೇದ್ತಾರೆ. ಅದರ ಹೊಗೆಯಲ್ಲೇ ಅವರು ಬದುಕಿರೋದು. ಚುಟ್ಟಾ ಆರಿದರೆ ಮಾಯ.

ನಾನು ಆ ಕನ್ನಡಿಯ ಲೆಕ್ಕವನ್ನ ಒಂದು ಕಾಗದದ ಮೇಲೆ ಬರೆದು ಮತ್ತೆ ಕೂಡಿ ನೋಡಿದೆ. ಗುಣಾಕಾರ ಸರಿಯಾಗಿದೆ, ಸಂಕಲನ ಸರಿಯಾಗಿದೆ. ಮೋಸ ಇರೋದು ಕಾಲಮ್ಮಿನಲ್ಲಿ. ತಾಯಿ ಜೊತೆ ಕೂತ ಒಂದು ಗಂಟೆಯನ್ನ ಅವನು "ಖರ್ಚು" ಅನ್ನೋ ಕಾಲಮ್ಮಿಗೆ ಹಾಕಿದ. ಅಲ್ಲೇ ವ್ಯಾಪಾರ ಮುಗೀತು. ಆಮೇಲೆ ಎಷ್ಟು ಜಾಣತನದಿಂದ ಕೂಡಿದರೂ ಕಳೆದರೂ ಉತ್ತರ ಅವನಿಗೆ ಬೇಕಾದ ಹಾಗೇ ಬರುತ್ತೆ. ಇನ್ನೊಂದು ಗಮನಿಸಿ. ವ್ಯಾಪಾರ ಮಾಡಿದವನು ಫೂಸಿ, ಆದರೆ ಕೈಬಿಟ್ಟುಹೋದದ್ದು ಯಾರ ಸಮಯ? ಕಿವಿ ಕೇಳದ ತಾಯಿಗೆ ದಿನದಲ್ಲಿ ಮಾತಾಡೋಕೆ ಇದ್ದದ್ದೇ ಆ ಒಂದು ಗಂಟೆ. ದಾರಿಯಾ ದಿನವಿಡೀ ಕಾಯ್ತಿದ್ದದ್ದು ಆ ಅರ್ಧ ಗಂಟೆಗೆ. ಅವರನ್ನ ಯಾರೂ ಕೇಳಲಿಲ್ಲ.

ಇಲ್ಲಿ ಯಾರಾದರೂ ಹೇಳಬಹುದು: ಸಿನಿಮಾದಲ್ಲಿ ರೇಟು ಬದಲಾಯಿಸಿದರು, ಪುಸ್ತಕದಲ್ಲಿ ರಸೀದಿ ಕೊಡಲಿಲ್ಲ, ಸರಿಯಾದ ಕಾಗದ ಇದ್ದಿದ್ದರೆ ಇದೆಲ್ಲ ಆಗ್ತಿರಲಿಲ್ಲ ಅಂತ. ಅದಕ್ಕೆ ಮೂರನೇ ಕಥೆ. ಇಂಗ್ಲೆಂಡಿನ ನಾಟಕಕಾರ ಕ್ರಿಸ್ಟೋಫರ್ ಮಾರ್ಲೋ ಬರೆದ "ಡಾಕ್ಟರ್ ಫಾಸ್ಟಸ್". ಮಾರ್ಲೋ ತೀರಿಕೊಂಡದ್ದು 1593ರಲ್ಲಿ, ಅಂದರೆ ನಾಟಕಕ್ಕೆ ನಾಲ್ಕು ನೂರು ವರ್ಷ ದಾಟಿದೆ. ಅದರಲ್ಲಿ ಫಾಸ್ಟಸ್ ಅನ್ನೋ ಪಂಡಿತ ಸೈತಾನನ ಜೊತೆ ಕರಾರು ಮಾಡ್ಕೋತಾನೆ. ಇಪ್ಪತ್ತನಾಲ್ಕು ವರ್ಷ ಬೇಕಾದ್ದೆಲ್ಲ ಕೊಡಬೇಕು, ಆಮೇಲೆ ಆತ್ಮ ಸೈತಾನನಿಗೆ. ಕಾಗದ ಪಕ್ಕಾ ಇದೆ. ಷರತ್ತುಗಳನ್ನ ಗಟ್ಟಿಯಾಗಿ ಓದ್ತಾನೆ, ತನ್ನ ರಕ್ತದಲ್ಲಿ ಸಹಿ ಹಾಕ್ತಾನೆ. ಬರೀತಾ ಇರೋವಾಗ ರಕ್ತ ಹೆಪ್ಪುಗಟ್ಟಿ ಹರಿಯಲ್ಲ. ದೇಹವೇ ಬೇಡ ಅಂತ ಹೇಳ್ತಿದೆ. ಅವನು ಬೆಂಕಿ ತರಿಸಿ, ರಕ್ತ ಕಾಯಿಸಿಕೊಂಡು ಸಹಿ ಮುಗಿಸ್ತಾನೆ.

ಆ ಇಪ್ಪತ್ತನಾಲ್ಕು ವರ್ಷದಲ್ಲಿ ಏನು ಮಾಡಿದ? ಲೋಕ ಆಳ್ತೀನಿ ಅಂದಿದ್ದವನು ಪೋಪ್ ಗುರುಗಳ ತಟ್ಟೆ ಕಿತ್ಕೊಂಡು ತಮಾಷೆ ಮಾಡಿದ. ಬಸುರಿ ಡಚೆಸ್ ಒಬ್ಬಳಿಗೆ ಚಳಿಗಾಲದಲ್ಲಿ ದ್ರಾಕ್ಷಿ ತರಿಸಿಕೊಟ್ಟ. ಇಪ್ಪತ್ತನಾಲ್ಕು ವರ್ಷ ಹಾಗೇ ಹೋಯ್ತು. ಕೊನೇ ರಾತ್ರಿ ಗಡಿಯಾರ ಹನ್ನೊಂದು ಹೊಡೆಯುತ್ತೆ. ಉಳಿದಿರೋದು ಒಂದೇ ಗಂಟೆ. ಆಗ ಅವನು ಕಾಲ ನಿಲ್ಲಲಿ ಅಂತ ಅಂಗಲಾಚ್ತಾನೆ. ಕಾಲ ನಿಲ್ಲಲ್ಲ.

ಈ ಕಥೆಯಲ್ಲಿ ಕರಾರಿನ ಕಾಗದಕ್ಕೇನೂ ಕೊರತೆ ಇರಲಿಲ್ಲ. ದಿನಾಂಕ ಸರಿಯಾಗಿತ್ತು, ಸಹಿ ಸರಿಯಾಗಿತ್ತು. ಹಾಗಾಗಿ ಕಾಗದ ಓದೋದು ಬೇಕೇಬೇಕು, ಆದರೆ ಅಷ್ಟೇ ಸಾಲದು. ಮಾರಿದ ಸಮಯದಿಂದ ಏನು ಕಟ್ಟಬೇಕು ಅಂತ ಸಹಿಗೆ ಮುಂಚೆ ಗೊತ್ತಿಲ್ಲದಿದ್ದರೆ ಅದು ದ್ರಾಕ್ಷಿ ತರಿಸೋದರಲ್ಲೇ ಮುಗಿಯುತ್ತೆ. ನಾವು ಪ್ರತಿ ರಜೆಗೆ ದೊಡ್ಡ ಫೋನು, ದೊಡ್ಡ ಟಿವಿ ಹೊತ್ಕೊಂಡು ಹೋಗ್ತೀವಿ. ತಗೊಂಡು ಹೋಗಬೇಡಿ ಅನ್ನಲ್ಲ, ಮನೆಯವರ ಮುಖದ ಖುಷಿ ನಮಗೂ ಬೇಕು. ಆದರೆ ಅದು ದ್ರಾಕ್ಷಿ ಅಂತ ಗೊತ್ತಿರಲಿ. ಮನೆಗೆ ತಾರಸಿ, ತಂಗಿಯ ನರ್ಸಿಂಗ್ ಕೋರ್ಸು, ತೋಟಕ್ಕೆ ಬೋರ್‌ವೆಲ್ಲು, ಇವು ಬೇರೆ ಲೆಕ್ಕ.

ಈಗ ನಮ್ಮ ಕಥೆಗೆ ಬರೋಣ. ಯಯಾತಿ. ಹರಿಕಥೆಯಲ್ಲಿ, ಬಯಲಾಟದಲ್ಲಿ ಕೇಳಿದ್ದೀರಿ. ಹೆಂಡತಿ ದೇವಯಾನಿಗೆ ತಿಳಿಯದ ಹಾಗೆ ಶರ್ಮಿಷ್ಠೆಯ ಜೊತೆ ಸಂಸಾರ ಮಾಡಿದ್ದಕ್ಕೆ ಮಾವ ಶುಕ್ರಾಚಾರ್ಯರು ಮುಪ್ಪು ಬರಲಿ ಅಂತ ಶಾಪ ಕೊಡ್ತಾರೆ. ಬೇಡಿಕೊಂಡಾಗ ಒಂದು ಷರತ್ತು ಸೇರಿಸ್ತಾರೆ: ಯಾರಾದರೂ ಒಪ್ಪಿದರೆ ಮುಪ್ಪನ್ನ ಅವರಿಗೆ ಕೊಟ್ಟು ಅವರ ಯೌವನ ತಗೋಬಹುದು. ಯಯಾತಿ ಐದು ಮಕ್ಕಳನ್ನ ಕೇಳ್ತಾನೆ. ಯದು, ತುರ್ವಸು, ದ್ರುಹ್ಯು, ಅನು ನಾಲ್ಕೂ ಜನ ಆಗಲ್ಲ ಅಂತಾರೆ. ಕಿರಿಯವನು ಪೂರು ಒಪ್ಪುತ್ತಾನೆ. ಸಾವಿರ ವರ್ಷ ಆದ ಮೇಲೆ, ಆಸೆಗೆ ಉಣಿಸಿದಷ್ಟೂ ಅದು ಬೆಳೆಯುತ್ತೆ, ತೀರಲ್ಲ ಅಂತ ಯಯಾತಿಗೆ ಅರ್ಥವಾಗುತ್ತೆ. ಯೌವನವನ್ನ ಪೂರುವಿಗೆ ವಾಪಸ್ ಕೊಟ್ಟು, ಮುಪ್ಪನ್ನ ತಾನು ತಗೊಂಡು, ರಾಜ್ಯವನ್ನೂ ಅವನಿಗೇ ಕೊಡ್ತಾನೆ.

ಕಾಂಟ್ರಾಕ್ಟ್ ಅಂತ ನೋಡಿದರೆ ಇದು ಮೊದಲ ಮೂರಕ್ಕಿಂತ ಒಳ್ಳೇದು. ಅವಧಿ ಇದೆ, ವಾಪಸಾತಿ ಇದೆ, ಕೊನೆಯಲ್ಲಿ ಗ್ರಾಚ್ಯುಯಿಟಿ ಥರ ಒಂದು ರಾಜ್ಯವೇ ಇದೆ. ಇದನ್ನ ನಮಗೆ ತ್ಯಾಗದ ಕಥೆ ಅಂತ ಹೇಳಿಕೊಂಡು ಬಂದಿದ್ದಾರೆ. ಪೂರು ಒಳ್ಳೇ ಮಗ, ಮಿಕ್ಕ ನಾಲ್ಕು ಜನ ಕೆಟ್ಟ ಮಕ್ಕಳು.

ಆದರೆ 1961ರಲ್ಲಿ ಗಿರೀಶ್ ಕಾರ್ನಾಡರ "ಯಯಾತಿ" ನಾಟಕ ಪ್ರಕಟವಾಯ್ತು. ಅವರ ಮೊದಲ ನಾಟಕ. ಇಪ್ಪತ್ತರ ಆಸುಪಾಸಿನ ಹುಡುಗ, ಓದೋಕೆ ಇಂಗ್ಲೆಂಡಿಗೆ ಹೊರಡೋ ಹೊತ್ತಿನಲ್ಲಿ, ಮನೆಯವರ ಆಸೆ ಒಂದು ಕಡೆ, ತನ್ನ ದಾರಿ ಒಂದು ಕಡೆ ಅಂತ ಒದ್ದಾಡ್ತಾ ಬರೆದದ್ದು. ಪರದೇಶಕ್ಕೆ ಹೊರಟವನು ಬರೆದ ನಾಟಕ ಅನ್ನೋದನ್ನ ನಾವು ವಿಶೇಷವಾಗಿ ನೆನಪಿಟ್ಟುಕೊಳ್ಳಬೇಕು. ಹಳೇ ಕಥೆಯಲ್ಲಿ ಇಲ್ಲದ ಒಬ್ಬಳನ್ನ ಅವರು ತಂದರು. ಚಿತ್ರಲೇಖೆ, ಪೂರುವಿನ ಹೆಂಡತಿ. ಈಗ ತಾನೇ ಮದುವೆಯಾಗಿ ಅರಮನೆಗೆ ಬಂದಿದ್ದಾಳೆ. ಅಪ್ಪ ಮಗ ಸೇರಿ ಕರಾರು ಮುಗಿಸಿದ್ದಾರೆ. ಅವಳು ನೋಡೋ ಹೊತ್ತಿಗೆ ಗಂಡ ಮುದುಕ.

ಎಲ್ಲರೂ ಅವಳಿಗೆ ದೊಡ್ಡ ಮನಸ್ಸು ಮಾಡು, ಒಪ್ಪಿಕೋ ಅಂತಾರೆ. ಅವಳು ಕೇಳೋ ಪ್ರಶ್ನೆಯನ್ನ ನನ್ನ ಮಾತಲ್ಲಿ ಹೇಳೋದಾದರೆ ಇಷ್ಟೇ: ಅವರು ಕೊಟ್ಟದ್ದು ಅವರ ಯೌವನ ಅಂತೀರಿ, ಅದರಲ್ಲಿ ನನ್ನದೂ ಇತ್ತಲ್ಲ, ನನ್ನನ್ನ ಯಾರು ಕೇಳಿದಿರಿ? ಯಾರ ಹತ್ತಿರವೂ ಉತ್ತರ ಇಲ್ಲ. ಅವಳು ವಿಷ ಕುಡೀತಾಳೆ. ಯಯಾತಿ ಮುಪ್ಪನ್ನ ವಾಪಸ್ ತಗೋತಾನೆ, ಆದರೆ ಸತ್ತವಳು ವಾಪಸ್ ಬರಲ್ಲ. ಮಹಾಭಾರತದಲ್ಲಿ ಆ ಕರಾರು ಸಾವಿರ ವರ್ಷ ನಡೀತು. ಕಾರ್ನಾಡರು ಒಬ್ಬ ಹೆಂಡತಿಯನ್ನ ಒಳಗೆ ತಂದು ನಿಲ್ಲಿಸಿದ ಕೂಡಲೇ ಒಂದು ರಾತ್ರಿಯೂ ನಡೀಲಿಲ್ಲ.

ಇದನ್ನ ನಮ್ಮ ಟ್ರೇಡಿನ ಭಾಷೆಯಲ್ಲಿ ಹೇಳ್ತೀನಿ. ಮನೆಗೆ ಕರೆಂಟ್ ಕನೆಕ್ಷನ್ ಇರೋದು ಒಬ್ಬರ ಹೆಸರಲ್ಲಿ. ಅರ್ಜಿಯ ಮೇಲೆ ಒಂದೇ ಸಹಿ. ಆದರೆ ಆ ಒಂದು ಸರ್ವೀಸ್ ವಯರಿನಿಂದ ಅಡುಗೆಮನೆ, ದೇವರಮನೆ, ಮಗು ಓದೋ ಮೂಲೆ, ಅಜ್ಜಿ ಮಲಗೋ ಕೋಣೆ ಎಲ್ಲ ಉರಿಯುತ್ತೆ. ಯಜಮಾನ ಹೋಗಿ ಮೇನ್ ಸ್ವಿಚ್ ಆಫ್ ಮಾಡಿದರೆ ಆರೋದು ಅವನ ಕೋಣೆ ಒಂದೇ ಅಲ್ಲ.

ನನ್ನ ರೂಮಿನಲ್ಲಿ ಇದ್ದ ಒಬ್ಬ ಹಿರಿಯರ ವಿಷಯ ಹೇಳ್ತೀನಿ, ಹೆಸರು ಬೇಡ. ಮಗಳು ಅಂಗನವಾಡಿಗೆ ಹೋಗ್ತಿದ್ದಾಗ ಬಂದವರು. ಮೂರನೇ ಸಲ ಕಾಂಟ್ರಾಕ್ಟ್ ಮುಂದುವರಿಸಿದಾಗ ಮನೆಗೆ ಫೋನ್ ಮಾಡಿ "ಇನ್ನೆರಡು ವರ್ಷ ಅಷ್ಟೇ ಕಣೇ" ಅಂದರು. ಆ ಕಡೆಯಿಂದ ಅಕ್ಕ ಕೇಳಿದ್ದು ಸ್ಪೀಕರಿನಲ್ಲಿ ನಮಗೆಲ್ಲ ಕೇಳಿಸಿತು: "ಸಹಿ ಹಾಕಿ ಹೇಳ್ತಿದ್ದೀರೋ, ಹಾಕೋಕೆ ಮುಂಚೆ ಕೇಳ್ತಿದ್ದೀರೋ?" ಅವರು ಏನೂ ಹೇಳಲಿಲ್ಲ. ಫೋನ್ ತಗೊಂಡು ಆಚೆ ಹೋದರು. ಚಿತ್ರಲೇಖೆಯ ನಾಟಕ ನೋಡಿರದ ಆ ಅಕ್ಕನ ಬಾಯಲ್ಲಿ ಅದೇ ಪ್ರಶ್ನೆ ಬಂತು.

ಹಾಗಾದರೆ ಸಮಯ ಮಾರೋದೇ ತಪ್ಪಾ? ನಾನು ಹಾಗೆ ಹೇಳಲ್ಲ. ಮಾರದೇ ಇದ್ದಿದ್ದರೆ ನಮ್ಮನೆ ಹೆಂಚು ಇನ್ನೂ ಸೋರ್ತಿತ್ತು. ಅದಕ್ಕೆ ಕೊನೇ ಕಥೆ. ಮಹಾಭಾರತದ ಆದಿಪರ್ವದಲ್ಲೇ ಇದೆ, ಯಯಾತಿಯಷ್ಟು ಹೆಸರಾಗಿಲ್ಲ. ರುರು ಅನ್ನೋ ಯುವಕ, ಪ್ರಮದ್ವರೆ ಅನ್ನೋ ಹುಡುಗಿ, ಮದುವೆ ನಿಶ್ಚಯವಾಗಿದೆ. ಮದುವೆಗೆ ಮುಂಚೆ ಅವಳಿಗೆ ಹಾವು ಕಚ್ಚಿ ಪ್ರಾಣ ಹೋಗುತ್ತೆ. ಕಾಡಿನಲ್ಲಿ ಅಳ್ತಾ ಕೂತವನ ಹತ್ತಿರ ದೇವದೂತ ಬಂದು ಹೇಳ್ತಾನೆ: ಅವಳ ಆಯಸ್ಸು ಮುಗಿದಿದೆ, ನಿನ್ನ ಆಯಸ್ಸಿನಲ್ಲಿ ಅರ್ಧ ಕೊಟ್ಟರೆ ಎದ್ದು ಬರ್ತಾಳೆ. ರುರು ಒಪ್ಪುತ್ತಾನೆ. ಧರ್ಮರಾಜನೂ ಒಪ್ಪುತ್ತಾನೆ. ಪ್ರಮದ್ವರೆ ನಿದ್ದೆಯಿಂದ ಎದ್ದ ಹಾಗೆ ಏಳ್ತಾಳೆ, ಮದುವೆಯಾಗುತ್ತೆ.

ಇಲ್ಲಿ ಯಾರೂ ಯಾರಿಗೂ ಸುಳ್ಳು ಹೇಳಲಿಲ್ಲ. ಎಷ್ಟು ಅಂತ ಗೊತ್ತು: ಅರ್ಧ. ಯಾರದ್ದು ಅಂತ ಗೊತ್ತು: ತನ್ನದು. ಯಾಕೆ ಅಂತಲೂ ಗೊತ್ತು. ಎಲ್ಲಕ್ಕಿಂತ ಮುಖ್ಯ, ಕೊಟ್ಟ ಸಮಯವನ್ನ ಯಾರಿಗೋಸ್ಕರ ಕೊಟ್ಟನೋ ಅವಳ ಜೊತೆಯಲ್ಲೇ ಅವನು ಬದುಕಿದ. ಅರ್ಧ ಆಯಸ್ಸು ಹೋಯ್ತು, ಉಳಿದರ್ಧದಲ್ಲಿ ಇಬ್ಬರೂ ಇದ್ದರು. ನಮ್ಮ ವ್ಯಾಪಾರ ಇದಕ್ಕೆ ಎಷ್ಟು ಹತ್ತಿರ ಬರುತ್ತೋ ಅಷ್ಟು ಒಳ್ಳೇದು.

ಕಥೆ ಮುಗೀತು, ಈಗ ನಮ್ಮ ಜೇಬಿನಲ್ಲಿರೋ ಕಾಗದ ತೆಗೆಯೋಣ. ನಾನು ಹೇಳೋದು ಈ ದೇಶದ ಖಾಸಗಿ ಕಂಪನಿಗಳ ಕೆಲಸಗಾರರಿಗೆ ಅನ್ವಯಿಸೋ 2021ರ ಕಾರ್ಮಿಕ ಕಾನೂನಿನ ವಿಷಯ. ಮನೆಕೆಲಸದವರಿಗೆ ಬೇರೆ ಕಾನೂನಿದೆ.

ಮೊದಲು ರೇಟು. ದಿನಕ್ಕೆ ಎಂಟು ಗಂಟೆ, ವಾರಕ್ಕೆ ನಲವತ್ತೆಂಟು ಗಂಟೆ ಅನ್ನೋದು ಕಾನೂನು. ಓಟಿ ಸಾಮಾನ್ಯವಾಗಿ ದಿನಕ್ಕೆ ಎರಡು ಗಂಟೆ ಮೀರಬಾರದು. ಓಟಿಗೆ ಶೇಕಡ 25 ಜಾಸ್ತಿ, ರಾತ್ರಿ 10ರಿಂದ ಬೆಳಗಿನ ಜಾವ 4ರ ಒಳಗಾದರೆ ಶೇಕಡ 50 ಜಾಸ್ತಿ, ಶಿಫ್ಟಿನವರಿಗೆ ಈ ರಾತ್ರಿ ರೇಟು ಇಲ್ಲ. ಆದರೆ ಎಷ್ಟರ ಮೇಲೆ ಜಾಸ್ತಿ? ಬೇಸಿಕ್ ಮೇಲೆ. ಒಂದು ಉದಾಹರಣೆ. ಒಟ್ಟು ಸಂಬಳ 1,500 ದಿರ್ಹಂ, ಅದರಲ್ಲಿ ಬೇಸಿಕ್ 900, ಮಿಕ್ಕಿದ್ದು ಅಲೋಯನ್ಸ್ ಅಂತ ಇಟ್ಕೊಳ್ಳಿ. 900ನ್ನು 30 ದಿನಕ್ಕೆ, ಆಮೇಲೆ 8 ಗಂಟೆಗೆ ಭಾಗಿಸಿದರೆ ಗಂಟೆಗೆ 3.75. ಶೇಕಡ 25 ಸೇರಿಸಿದರೆ ಓಟಿ ಗಂಟೆಗೆ ಸುಮಾರು 4.69. ಪೂರ್ತಿ 1,500 ಬೇಸಿಕ್ ಆಗಿದ್ದಿದ್ದರೆ ಅದೇ ಗಂಟೆಗೆ 7.81. ಅದೇ ಬಿಸಿಲು, ಅದೇ ಏಣಿ, ಅದೇ ಕೇಬಲ್ಲು. ಕೆಲಸ ಬಿಡುವಾಗ ಸಿಗೋ ಗ್ರಾಚ್ಯುಯಿಟಿಯೂ ಬೇಸಿಕ್ ಮೇಲೇ: ಮೊದಲ ಐದು ವರ್ಷಕ್ಕೆ ವರ್ಷಕ್ಕೆ 21 ದಿನದ ಬೇಸಿಕ್, ಆಮೇಲೆ 30 ದಿನದ್ದು. ಹಾಗಾಗಿ ಆಫರ್ ಲೆಟರಿನಲ್ಲಿ ಒಟ್ಟು ಎಷ್ಟು ಅನ್ನೋದರ ಜೊತೆಗೆ ಬೇಸಿಕ್ ಎಷ್ಟು ಅಂತ ಬೆರಳಿಟ್ಟು ಓದಿ. ಆ ಸಿನಿಮಾದ ತಾಯಿಗೆ ಕಾಣದ ರೇಟು ನಮಗೆ ಕಾಗದದ ಮೇಲೆ ಕಾಣುತ್ತೆ. ಕಂಡದ್ದನ್ನ ಬಿಡಬಾರದು.

ಎರಡನೆಯದು ಏಜೆಂಟ್. ಕೆಲಸಕ್ಕೆ ತಗೊಳ್ಳೋ ಖರ್ಚನ್ನ ಕಾರ್ಮಿಕನ ಮೇಲೆ ಹಾಕಬಾರದು ಅಂತ ಇಲ್ಲಿನ ಕಾನೂನು ಹೇಳುತ್ತೆ. ನಮ್ಮ ದೇಶದ 1983ರ ವಲಸೆ ಕಾಯ್ದೆಯ ನಿಯಮಗಳಲ್ಲಿ ನೋಂದಾಯಿತ ಏಜೆಂಟ್ ತಗೊಳ್ಳಬಹುದಾದ ಸರ್ವೀಸ್ ಚಾರ್ಜಿಗೆ ಮಿತಿ 30,000 ರೂಪಾಯಿ, ಜಿಎಸ್‌ಟಿ ಬೇರೆ. ಅದಕ್ಕಿಂತ ಜಾಸ್ತಿ ಕೇಳಿ, ರಸೀದಿ ಬೇಡ ನಂಬಿಕೆ ಸಾಕು ಅಂದರೆ, ಬೂದು ಮನುಷ್ಯನ ಚುಟ್ಟಾ ವಾಸನೆ ಬಂತು ಅಂತ ತಿಳ್ಕೊಳ್ಳಿ. ಊರಲ್ಲಿ ಒಂದು ಲಕ್ಷ ಸಾಲ, ನೂರಕ್ಕೆ ಮೂರು ರೂಪಾಯಿ ಬಡ್ಡಿ ಅಂದರೆ ತಿಂಗಳಿಗೆ 3,000. ಆ 3,000ವನ್ನ ರೂಪಾಯಿಯಲ್ಲಿ ನೋಡಬೇಡಿ, ತಿಂಗಳಲ್ಲಿ ಎಷ್ಟು ದಿನದ ದುಡಿಮೆ ಅಂತ ನೋಡಿ. ಅಷ್ಟು ದಿನ ನೀವು ಬಡ್ಡಿಯವನಿಗೆ ಕೆಲಸ ಮಾಡ್ತಿದ್ದೀರಿ. ತಮ್ಮ, ಭಾವಮೈದ, ಊರಿನ ಹುಡುಗರು ಬರ್ತೀವಿ ಅಂದಾಗ ಈ ಲೆಕ್ಕ ಅವರಿಗೆ ಹೇಳಿ.

ಮೂರನೆಯದು ರಜೆ. ವರ್ಷಕ್ಕೆ 30 ದಿನ. ಹತ್ತು ವರ್ಷ ಇಲ್ಲಿದ್ದರೆ ಮನೆಯಲ್ಲಿ ಇದ್ದದ್ದು 300 ದಿನ, ಒಂದು ವರ್ಷವೂ ತುಂಬಲ್ಲ. ನಾನೂ ಕನ್ನಡಿ ಮೇಲೆ ಲೆಕ್ಕ ಬರೀತಿದ್ದೀನಿ ಅಂತ ನಗಬೇಡಿ. ನನ್ನ ಕಾಲಮ್ ಬೇರೆ. ಆ 300 ದಿನವನ್ನ ನಾನು ಖರ್ಚಿಗೆ ಹಾಕಲ್ಲ, ಗಳಿಕೆಗೆ ಹಾಕ್ತೀನಿ. ಅದಕ್ಕೇ ರಜೆ ಬಿಟ್ಟು ದುಡ್ಡು ತಗೋತೀನಿ ಅನ್ನೋ ಮುಂಚೆ ಎರಡು ಸಲ ಯೋಚಿಸಿ. ಕೆಲವರಿಗೆ ಸಾಲ ಇರುತ್ತೆ, ಬೇರೆ ದಾರಿ ಇರಲ್ಲ, ಗೊತ್ತು. ದಾರಿ ಇದ್ದವರಿಗೆ ಹೇಳ್ತಿದ್ದೀನಿ.

ಕೊನೆಯದು, ಕಾನೂನಿನಲ್ಲಿ ಇಲ್ಲದ ಷರತ್ತು. ಹೋದ ಸಲ ನನ್ನ ಕಾಂಟ್ರಾಕ್ಟ್ ಮುಂದುವರಿಸೋ ಕಾಗದ ಬಂದಾಗ, ಸಹಿಗೆ ಮುಂಚೆ ಅದರ ಫೋಟೋ ಮನೆಗೆ ಕಳಿಸಿದೆ. ವಿಡಿಯೋ ಕಾಲಿನಲ್ಲಿ ಒಂದೊಂದೇ ಸಾಲು ಕನ್ನಡದಲ್ಲಿ ಹೇಳಿದೆ. ನನ್ನ ಹೆಂಡತಿ ಕ್ಯಾಲೆಂಡರಿನ ಹಿಂಭಾಗದಲ್ಲಿ ಅವಳ ಷರತ್ತು ಬರೆದಳು. ಪ್ರತಿ ವರ್ಷ ರಜೆಗೆ ಬರಬೇಕು. ತಾರಸಿ ಹಾಕಿ ಮುಗಿದ ವರ್ಷ ಮುಂದುವರಿಸೋ ಮಾತು ಮತ್ತೆ ಎತ್ತುವಾಗ ಅವಳ ಒಪ್ಪಿಗೆ ಬೇಕು. ಅಮ್ಮ ಒಂದೇ ಮಾತು ಹೇಳಿದರು: "ರಾತ್ರಿ ಡ್ಯೂಟಿ ಇದ್ದ ದಿನ ಹೇಳು, ಅವತ್ತು ನಾನು ಎಚ್ಚರ ಇರ್ತೀನಿ." ಆ ಮಾತು ಯಾವ ಕಾಲಮ್ಮಿಗೂ ಹಾಕೋಕೆ ಬರಲ್ಲ. ಆಮೇಲೆ ಸಹಿ ಹಾಕಿದೆ. ಕಂಪನಿಯ ಫೈಲಿನಲ್ಲಿ ನನ್ನದೊಂದೇ ಸಹಿ ಇದೆ. ನಮ್ಮನೆ ಕ್ಯಾಲೆಂಡರಿನ ಹಿಂದೆ ಮೂರಿವೆ, ಅಮ್ಮನದು ಹೆಬ್ಬೆಟ್ಟು.

ಬಂಧುಗಳೇ, ಸಮಯ ಮಾರೋ ಮಾಯದ ಕರಾರುಗಳನ್ನ ಬರೆದವರು ಜರ್ಮನಿಯವರಿದ್ದಾರೆ, ಇಂಗ್ಲೆಂಡಿನವರಿದ್ದಾರೆ, ನಮ್ಮ ಧಾರವಾಡದಲ್ಲಿ ಓದಿದವರಿದ್ದಾರೆ. ಎಲ್ಲರ ಕಥೆಯಲ್ಲೂ ಮಾಯೆ ಇರೋದು ಗಡಿಯಾರದಲ್ಲಿ, ಶಾಪದಲ್ಲಿ, ಹೂವಿನಲ್ಲಿ. ಕರಾರು ಮಾತ್ರ ನಮಗೆ ಗೊತ್ತಿರೋ ಥರದ್ದೇ. ಅವನ್ನ ಓದಿ, ನೋಡಿ. "ಯಯಾತಿ" ನಾಟಕವನ್ನ ಮುಂದಿನ ವರ್ಷ ನಮ್ಮ ವೇದಿಕೆಯಿಂದಲೇ ಆಡಿದರೆ ಇನ್ನೂ ಒಳ್ಳೇದು. ಲೈಟಿಂಗ್ ನಾನು ನೋಡ್ಕೋತೀನಿ.

ಈ ಡಿಸೆಂಬರಿಗೆ ಯಾರ್ಯಾರದು ಕಾಂಟ್ರಾಕ್ಟ್ ಮುಗೀತಿದೆಯೋ ಅವರು ಇವತ್ತು ರಾತ್ರಿ ಮನೆಗೆ ಫೋನ್ ಮಾಡುವಾಗ ಕಾಗದ ಪಕ್ಕದಲ್ಲಿಟ್ಟುಕೊಂಡು ಮಾಡಿ. ಓದೋಕೆ ಕಷ್ಟವಾದರೆ ಊಟ ಆದ ಮೇಲೆ ನನ್ನ ಹತ್ತಿರ ಬನ್ನಿ, ಜೊತೆಗೆ ಕೂತು ಓದೋಣ.